ಯಾರೂ ಸಾಯದ ಪುಸ್ತಕ

"ಅಕ್ಕಾರ, ಯಾರೂ ಸಾಯದಂಥಾ ಪುಸ್ತಕ ಐತೇನ್ರಿ?"

ಅವರು ನನ್ನೊಡನೆ ಆಡಿದ ಮೊದಲ ಮಾತು ಇದು. ಗಜೇಂದ್ರಗಡದ ಗ್ರಂಥಾಲಯಕ್ಕೆ ನಾನು ಮೇಲ್ವಿಚಾರಕಿಯಾಗಿ ಬಂದು ಒಂದು ವರ್ಷವಾಗಿತ್ತು. ರೋಣದಿಂದ ದಿನಾ ಬೆಳಿಗ್ಗೆ ಬಸ್ಸಿನಲ್ಲಿ ಬಂದು ಬಾಗಿಲು ತೆಗೆಯುತ್ತಿದ್ದೆ. ಅಷ್ಟರಲ್ಲಿ ಜನ ನನ್ನನ್ನು ಪೊಲೀಸ್ ಪರೀಕ್ಷೆಯ ಪುಸ್ತಕ ಕೇಳಿದ್ದರು, ಪಂಚಾಂಗ ಕೇಳಿದ್ದರು, ಹುಟ್ಟಿದ ಕೂಸಿಗೆ ಇಡಲು ಒಳ್ಳೆಯ ಹೆಸರು ಕೇಳಿದ್ದರು. ಈ ಪ್ರಶ್ನೆಯನ್ನು ಮಾತ್ರ ಯಾರೂ ಕೇಳಿರಲಿಲ್ಲ. ತಲೆ ಎತ್ತಿ ನೋಡಿದೆ. ಅರವತ್ತು ದಾಟಿದ ಮನುಷ್ಯ. ಹುಬ್ಬಿನ ಮೇಲೆ, ಕಿವಿಯ ಕೂದಲಲ್ಲಿ ನೂಲಿನ ತುಣುಕುಗಳು. ನೇಕಾರರೆಂದು ಬೇರೆ ಹೇಳಬೇಕಾಗಿರಲಿಲ್ಲ. ಜೇಬಿನಿಂದ ನಾಲ್ಕು ಮಡಿಕೆಯ ಕಾಗದವೊಂದನ್ನು ತೆಗೆದು ನನ್ನ ಮೇಜಿನ ಮೇಲೆ ಬಿಡಿಸಿದರು. ಮಿರ್ಚಿ ಭಜಿ ಕಟ್ಟಿಕೊಟ್ಟ ಕಾಗದ. ಎಣ್ಣೆ ಕುಡಿದು ಆಚೆ ಬದಿಯ ಅಕ್ಷರ ಈಚೆಗೆ ಕಾಣುತ್ತಿತ್ತು.

"ಇದು ಯಾವ ಪುಸ್ತಕದ ಹಾಳಿ ಅಂತ ಹೇಳ್ರಿ. ಪೂರಾ ಪುಸ್ತಕ ಬೇಕಾಗೈತಿ."

ಓದಿದೆ. ಹುಡುಗನೊಬ್ಬ ಕನ್ಯೆ ನೋಡಲು ಹೊರಟು, ಫೋನು ತೋರಿಸಿದ ದಾರಿ ನಂಬಿ ಬೇರೆ ಯಾರದೋ ಮನೆಗೆ ನುಗ್ಗಿ, ಎರಡು ತಟ್ಟೆ ಉಪ್ಪಿಟ್ಟು ತಿಂದು, ಚಹಾ ತಂದ ಆ ಮನೆಯ ಸೊಸೆಯನ್ನೇ ನೋಡಿ "ನನಗೆ ಒಪ್ಪಿಗೆ" ಎಂದುಬಿಡುವ ಪ್ರಸಂಗ. ಪುಸ್ತಕದ ಹೆಸರಿರಲಿಲ್ಲ. ಗೊತ್ತಿಲ್ಲ ಎಂದೆ. ಅವರು ಕಾಗದವನ್ನು ಮತ್ತೆ ಅದೇ ಮಡಿಕೆಗಳಲ್ಲೇ ಮಡಚಿ ಜೇಬಿಗಿಟ್ಟರು.

ಹೋದ ತಿಂಗಳು ಅವರು ತೀರಿಕೊಂಡರು. ಮಗ್ಗದಲ್ಲಿ ಕೂತವರು ಹಾಗೇ ಎದೆ ಹಿಡಿದುಕೊಂಡರಂತೆ. ದವಾಖಾನೆ ಮುಟ್ಟುವಷ್ಟರಲ್ಲಿ ಎಲ್ಲ ಮುಗಿದಿತ್ತು. ಅವರ ಹೆಸರು ಇಲ್ಲಿ ಬರೆಯುವುದಿಲ್ಲ. ಸದಸ್ಯರ ಪಟ್ಟಿಯಲ್ಲಿ ತಮ್ಮ ಹೆಸರು ನೋಡಿಯೇ ಮುಜುಗರ ಪಟ್ಟಿದ್ದ ಮನುಷ್ಯ. ಓಣಿಯವರ ಹಾಗೆ ನಾನೂ ಅವರನ್ನು ಕಾಕಾ ಎನ್ನುತ್ತಿದ್ದೆ, ಅವರ ಹೆಂಡತಿಯನ್ನು ಚಿಗವ್ವ ಎನ್ನುತ್ತಿದ್ದೆ.

ಆ ಮನೆಯಲ್ಲಿ ಓದುವವರೆಂದರೆ ಚಿಗವ್ವ. ಕಾಕಾ ಕಲಿತದ್ದು ನಾಲ್ಕನೆಯ ಇಯತ್ತೆ. ಅವರು ಸೀರೆ ನೇಯುತ್ತಿದ್ದರೆ ಚಿಗವ್ವ ಪಕ್ಕದಲ್ಲಿ ರಾಟಿಯ ಮುಂದೆ ಕೂತು ಲಾಳಿಗೆ ಬೇಕಾದ ನೂಲಿನ ಕಂಡಿಕೆ ಸುತ್ತುತ್ತಿದ್ದರು. ಬಲಗೈ ರಾಟಿಯ ಮೇಲೆ, ತೊಡೆಯ ಮೇಲೆ ಯಾವುದಾದರೂ ವಾರಪತ್ರಿಕೆ. ಓದುತ್ತ ತಮ್ಮಷ್ಟಕ್ಕೆ ನಗುತ್ತಿದ್ದರಂತೆ. "ಏನ ಬಂತಽ ನಗಿ ಅಂಥಾದ್ದು?" ಎಂದು ಇವರು ಕೇಳಿದರೆ, "ನಿಮಗ ತಿಳಿಯೂದಿಲ್ಲ ತಗೋರಿ" ಎನ್ನುತ್ತಿದ್ದರಂತೆ. ಹೀಗಿರುವಾಗ ಒಂದು ದಿನ ಅವರಿಗೆ ಲಕ್ವ ಹೊಡೆಯಿತು. ಎಡಗೈ, ಎಡಗಾಲು ಬಿದ್ದುಹೋದವು. ನಾಲಗೆ ಹೊರಳದಾಯಿತು. ಕೈಗೆ ಪತ್ರಿಕೆ ಕೊಟ್ಟರೆ ಕಣ್ಣು ಮುಚ್ಚಿ ತಲೆಯಾಡಿಸಿ ದೂಡಿಬಿಟ್ಟರು. ಅಕ್ಷರವೂ ಹೋಯಿತೆಂದು ಕಾಕಾ ತಿಳಿದರು. ನಾಲ್ಕು ತಿಂಗಳು ಆ ಮನೆಯಲ್ಲಿ ಮಗ್ಗದ ಸಪ್ಪಳ ಬಿಟ್ಟರೆ ಬೇರೆ ಸಪ್ಪಳವಿರಲಿಲ್ಲ.

ಆಮೇಲೆ ಒಂದು ಸಂಜೆ ಮಿರ್ಚಿ ತಂದರು. ತಿಂದಾದ ಮೇಲೆ, ಮಾಡಲು ಬೇರೆ ಏನೂ ತೋಚದೆ, ಕಟ್ಟಿದ ಕಾಗದದಲ್ಲಿದ್ದುದನ್ನು ಒಂದೊಂದೇ ಅಕ್ಷರ ಕೂಡಿಸಿ ಜೋರಾಗಿ ಓದಿದರು. "ನನಗ ಒಪ್ಪಿಗೆ" ಅನ್ನುವಲ್ಲಿಗೆ ಬಂದಾಗ ಹಾಸಿಗೆಯಿಂದ ಒಂದು ದನಿ ಬಂತು. ಮೊದಲು ಕೆಮ್ಮು ಎಂದುಕೊಂಡು ನೀರಿಗೆ ಓಡಿದರಂತೆ. ಕೆಮ್ಮಲ್ಲ, ನಗು. ಮಾತು ಹೋದವಳಲ್ಲಿ ನಗು ಉಳಿದಿತ್ತು.

"ಅಕಿ ನಕ್ಳರಿ ಅಕ್ಕಾರ," ಎಂದು ಇದನ್ನೆಲ್ಲ ಹೇಳಿ ಮುಗಿಸಿ ಜೇಬಿನ ಕಾಗದವನ್ನು ಮುಟ್ಟಿ ನೋಡಿಕೊಂಡರು. "ಇನ್ನೊಮ್ಮೆ ನಗಸ್ಬೇಕ್ರಿ. ಅಂಥಾದ್ದು ಹುಡುಕಿ ಕೊಡ್ರಿ."

ನಾನು ಕನ್ನಡ ಎಂ.ಎ. ಮಾಡಿದವಳು. ಕಣ್ಣೀರು ತರಿಸದ ಕಾದಂಬರಿಯನ್ನು ಕಾದಂಬರಿಯೆಂದು ಒಪ್ಪುತ್ತಲೇ ಇರಲಿಲ್ಲ. ಪ್ರೀತಿಯ ಕಥೆ ಬೇಕೇ ಎಂದು ಕಪಾಟಿನಿಂದ ಒಂದು ದಪ್ಪ, ಬಹುಮಾನ ಪಡೆದ ಪುಸ್ತಕ ತೆಗೆದು ಕೊಟ್ಟೆ. ಮರುದಿನವೇ ವಾಪಸು ಬಂತು.

"ಇದರಾಗ ಹುಡುಗಿ ಬಾವಿಗೆ ಹಾರತಾಳ್ರಿ."

ಇನ್ನೊಂದು ಕೊಟ್ಟೆ. "ಇದರಾಗ ಅವಗ ಕ್ಷಯ ಆಗತೈತ್ರಿ." ಮೂರನೆಯದನ್ನು ಮೇಜಿನ ಮೇಲೆ ಮೆಲ್ಲಗೆ ಇಟ್ಟು, ನನಗೆ ಬೇಸರವಾಗಬಾರದೆಂಬ ಹಾಗೆ ಹೇಳಿದರು: "ತಪ್ಪ ತಿಳೀಬ್ಯಾಡ್ರಿ. ನಿಮ್ಮ ಪುಸ್ತಕದಾಗ ಪ್ರೀತಿ ಮಾಡಿದವ್ರೆಲ್ಲ ಸಾಯ್ತಾರಲ್ರಿ. ಬದುಕಿದವ್ರು ಒಬ್ರೂ ಇಲ್ಲೇನು?"

ಸಿಟ್ಟು ಬಂತು. ಆದರೆ ಅವರು ಹೋದ ಮೇಲೆ ಕಪಾಟಿನ ಮುಂದೆ ನಿಂತು ಒಂದೊಂದನ್ನೇ ನೆನಪು ಮಾಡಿಕೊಂಡೆ. ಅವರು ಹೇಳಿದ್ದು ಬಹುಮಟ್ಟಿಗೆ ನಿಜವಾಗಿತ್ತು. ಅಂದಿನಿಂದ ಹುಡುಕಾಟ ಶುರುವಾಯಿತು. ನನಗೆ ಗೊತ್ತಿಲ್ಲದ ಒಂದು ಲೋಕವೇ ಅಲ್ಲಿತ್ತು. ಈಗಿನ ಹುಡುಗ ಹುಡುಗಿಯರು ಬರೆಯುವ ತೆಳ್ಳನೆಯ ಕಾದಂಬರಿಗಳು: ಹುಬ್ಬಳ್ಳಿಯ ಅಪಾರ್ಟ್‌ಮೆಂಟಿನಲ್ಲಿ ಸ್ಕೂಟಿ ನಿಲ್ಲಿಸುವ ಜಾಗಕ್ಕೆ ಜಗಳವಾಡಿ ಜಗಳವಾಡಿ ಮದುವೆಯಾಗುವವರು, ಮದುವೆಯ ಊಟದಲ್ಲಿ ತಪ್ಪಿ ಬೇರೆಯವರ ಬೀಗರ ಸಾಲಿನಲ್ಲಿ ಕೂತವರು. ಇಂಥವು ನಮ್ಮ ಕಪಾಟಿಗೆ ತಾವಾಗಿ ಬರುವುದಿಲ್ಲ. ಒಂದು ಸಿಕ್ಕರೆ ಅದರ ಕೊನೆಯ ಪುಟದಲ್ಲಿರುವ ಪಟ್ಟಿ ನೋಡಿ ಇನ್ನೊಂದನ್ನು ಹಿಡಿಯಬೇಕು. ಫೋನಿನಲ್ಲಿ ಓದುಗರ ಗುಂಪುಗಳಿಗೆ ಸೇರಿದೆ. "ನಗು ಬರುವ ಪ್ರೇಮಕಥೆ, ಯಾರೂ ಸಾಯಬಾರದು" ಎಂದು ನಾನು ಬರೆದದ್ದಕ್ಕೆ ಕೆಲವರು ನಕ್ಕರು, ಕೆಲವರು ನಿಜವಾಗಿಯೂ ಹೆಸರು ಕಳಿಸಿದರು.

ಹೊಸದೇ ಆಗಬೇಕೆಂಬುದು ಕಾಕಾ ಹಾಕಿದ ಕಟ್ಟಳೆ. "ಕತಿಯಾಗ ಫೋನ್ ಇರಬೇಕ್ರಿ. ಪತ್ರ ಬರಕೋತ ಕುಂತ್ರ ಇಕಿಗೆ ಬ್ಯಾಸರ."

ಪುಸ್ತಕ ಆರಿಸುವುದಕ್ಕೆ ಅವರದೊಂದು ರೀತಿ ಇತ್ತು. ಬೆನ್ನುಪುಟ ಓದುತ್ತಿರಲಿಲ್ಲ, ಅದನ್ನು ಮಾರುವವರು ಬರೆದಿರುತ್ತಾರೆ ಎಂಬ ಗುಮಾನಿ. ಮೊದಲ ಪುಟ ಓದುವುದು, ನಡುವೆ ಒಂದು ಕಡೆ ತೆರೆದು ಓದುವುದು, ಆಮೇಲೆ ಕೊನೆಯ ಪುಟ. "ಸೀರಿ ಪೂರಾ ಬಿಚ್ಚಿ ಯಾರ ನೋಡತಾರ್ರಿ? ಧಡಿ ನೋಡ್ಬೇಕು, ಒಡಲಾಗ ಒಂದ್ ಮಡಿಕಿ ಎತ್ತಬೇಕು, ಸೆರಗು ನೋಡ್ಬೇಕು. ಮೂರೂ ಚಲೋ ಇದ್ರ ಸೀರಿ ಚಲೋ." ನಲವತ್ತು ವರ್ಷ ವ್ಯಾಪಾರಿಗಳು ಅವರ ಸೀರೆಯನ್ನು ಹೀಗೆಯೇ ಅಂಚು, ಒಡಲು, ಸೆರಗು ನೋಡಿ ಒಪ್ಪಿಕೊಂಡಿದ್ದರು.

ಒಮ್ಮೆ ನರಗುಂದದಲ್ಲಿ ಸಂಬಂಧಿಕರ ಮನೆಗೆ ಹೋಗಿದ್ದರು. ತಿರುಗಿ ಬರುವ ಬಸ್ಸಿನಲ್ಲಿ ಕಾಲೇಜು ಹುಡುಗಿಯೊಬ್ಬಳು ವೇಲಿನಿಂದ ಬಾಯಿ ಮುಚ್ಚಿಕೊಂಡು ಪುಸ್ತಕ ಓದುತ್ತ ನಗುತ್ತಿದ್ದಳಂತೆ. ಇವರು ಪುಸ್ತಕದ ಮುಖಪುಟ ಕಾಣಲಿ ಎಂದು ಬಗ್ಗಿ ಬಗ್ಗಿ ನೋಡಿದ್ದಾರೆ. ಕಾಣಲಿಲ್ಲ. ಅವಳು ಯಾವಗಲ್‌ನಲ್ಲಿ ಇಳಿದಳು. ಇವರೂ ಹಿಂದೆಯೇ ಇಳಿದರು. ಮುದುಕನೊಬ್ಬ ಬೆನ್ನು ಹತ್ತಿದ್ದಾನೆಂದು ಹುಡುಗಿ ಗಾಬರಿಯಾಗಿ ಕೂಗಿದಳು. ಬಸ್ ಸ್ಟ್ಯಾಂಡಿನ ಕಟ್ಟೆಯಲ್ಲಿ ಕೂತಿದ್ದ ನಾಲ್ಕು ಮಂದಿ ಎದ್ದು ಬಂದು ಇವರನ್ನು ಸುತ್ತುಗಟ್ಟಿದರು.

"ಏನಂದ್ರಿ ಅವರಿಗೆ?" ಎಂದು ಕೇಳಿದೆ.

"ಇದ್ದದ್ದು ಇದ್ದಂಗ ಹೇಳಿದೆ. ನನ್ನ ಹೇಣತಿ ಹಾಸಿಗಿ ಹಿಡದಾಳ, ಈ ತಂಗಿ ನಗಾಕತ್ತಿದ್ಳು, ಆ ಪುಸ್ತಕದ ಹೆಸರು ಬೇಕು ಅಂದೆ."

ಆ ಹುಡುಗಿ ಓದಿ ಮುಗಿಯದ ಪುಸ್ತಕವನ್ನು ಅಲ್ಲೇ ಅವರ ಕೈಗಿಟ್ಟಳಂತೆ. ಕಟ್ಟೆಯ ಮೇಲಿದ್ದವರು ಚಹಾ ಕುಡಿಸಿದರು, ರೋಣದ ತನಕ ಬರುವ ಟ್ರ್ಯಾಕ್ಟರ್ ಹತ್ತಿಸಿ ಕಳಿಸಿದರು. ಹದಿನೈದು ದಿನದ ಮೇಲೆ ಆ ಪುಸ್ತಕವನ್ನು ವಾಪಸು ಕೊಡಲು ಮತ್ತೆ ಯಾವಗಲ್‌ಗೆ ಹೋದರು. ಜೊತೆಗೆ ಅವಳ ತಾಯಿಗೆ ಒಂದು ಕುಬಸದ ಖಣ ಒಯ್ದಿದ್ದರು.

ದಿನಾ ಬೆಳಿಗ್ಗೆ ಹನ್ನೊಂದಕ್ಕೆ ಗ್ರಂಥಾಲಯಕ್ಕೆ ಬಂದು ಕಿಟಕಿಯ ಪಕ್ಕ ಕೂರುತ್ತಿದ್ದರು. ಮಧ್ಯಾಹ್ನ ಹೆಂಡತಿಗೆ ಓದಿ ಹೇಳಬೇಕಾದ ಏಳೆಂಟು ಪುಟಗಳನ್ನು ಮೊದಲು ತಾವು ತುಟಿಯಾಡಿಸುತ್ತ ನಾಲ್ಕಾರು ಸಲ ಓದಿಕೊಳ್ಳುವುದು. "ನಗಿ ಬರೂ ಕಡೆ ಎಡವಬಾರದ್ರಿ. ಅಲ್ಲಿ ತಡವರಿಸಿದ್ರ ನಗಿ ಸತ್ತಹೋಗತೈತಿ." ಇಷ್ಟು ಓದಿದರೂ ಅವರು ಮಾತ್ರ ಒಮ್ಮೆಯೂ ನಕ್ಕದ್ದು ನಾನು ಕಾಣೆ. ಹರಿದ ಎಳೆ ಹುಡುಕುವಾಗಿನ ಮುಖವೇ ಅಲ್ಲಿಯೂ. ತಡೆಯದೆ ಒಂದು ದಿನ ಕೇಳಿದೆ, ನಿಮಗ ನಗಿ ಬರೂದಿಲ್ಲೇನ್ರಿ ಕಾಕಾ ಎಂದು.

"ನಾ ನೇಯ್ದ ಸೀರಿ ನಾ ಉಡೂದಿಲ್ಲಲ್ರಿ," ಎಂದರು.

ಅವರು ತಪ್ಪಿದ್ದು ಒಂದೇ ಸಲ. ಒಂದು ಪುಸ್ತಕದ ಧಡಿ, ಒಡಲು, ಸೆರಗು ಮೂರೂ ಚೊಕ್ಕವಾಗಿದ್ದವು. ಕೊನೆಯ ಪುಟದಲ್ಲಿ ಮದುವೆ, ಹಾಡು, ಜಿಲೇಬಿ. ಅವತ್ತು ನೂಲು ಬರುವುದಿತ್ತೆಂದು ಬೆಳಿಗ್ಗೆ ಗ್ರಂಥಾಲಯಕ್ಕೆ ಬಂದಿರಲಿಲ್ಲ. ಮುಂದಾಗಿ ಓದಿಕೊಳ್ಳದೆ ಹೆಂಡತಿಯ ಎದುರು ನೇರವಾಗಿ ಪುಸ್ತಕ ತೆರೆದರು. ಮೂರನೆಯ ಪುಟದಲ್ಲಿ ಹುಡುಗನ ತಾಯಿಗೆ ಲಕ್ವ ಹೊಡೆಯಿತು. ಮಾತು ಹೋಯಿತು. ಅದೇ ಪುಟದ ತುದಿಯಲ್ಲಿ ಆಕೆ ಸತ್ತಳು. ಅಂಥಾ ತಾಯಿಯನ್ನು ಒಂದೇ ಪುಟದಲ್ಲಿ ಮುಗಿಸಿದ ಲೇಖಕನ ಮೇಲೆ ನನಗೆ ಇವತ್ತಿಗೂ ಸಿಟ್ಟಿದೆ.

ಮರುದಿನ ಬಂದವರು ಕೂರಲಿಲ್ಲ. ಕಂಬ ಹಿಡಿದು ನಿಂತರು.

"ಅಕ್ಕಾರ, ನಾ ಪುಸ್ತಕಕ್ಕ ಮೋಸ ಮಾಡಿದೆ."

"ಏನ ಮಾಡಿದ್ರಿ?"

"ಆ ತಾಯಿನ್ನ ಕಾಶಿಗೆ ಕಳಿಸಿದೆ."

ಲಕ್ವ ಎಂಬ ಅಕ್ಷರ ಕಂಡ ಕೂಡಲೇ ಬಾಯಿಗೆ ಬಂದದ್ದು ಕಾಶಿಯಂತೆ. ಕಳಿಸಿದ್ದಷ್ಟೇ ಅಲ್ಲ, ರೈಲಿನಲ್ಲಿ ಆಕೆಯ ರೊಟ್ಟಿಬುತ್ತಿಯನ್ನು ಯಾರೋ ಬದಲಿ ಮಾಡಿಕೊಂಡು ಹೋದ ಕಥೆಯನ್ನೂ ಸೇರಿಸಿದ್ದರು. ಚಿಗವ್ವ ಅವತ್ತು ನಕ್ಕಷ್ಟು ಯಾವತ್ತೂ ನಕ್ಕಿರಲಿಲ್ಲವಂತೆ. ಕಣ್ಣಲ್ಲಿ ನೀರು ಬರುವಷ್ಟು. ಆದರೆ ಕಾಕಾ ಮಾತ್ರ ಸೋತು ಹೋಗಿದ್ದರು. "ಬರದವ್ರು ಒಂದ ಬರದಾರ, ನಾ ಒಂದ ಹೇಳೇನಿ. ಇನ್ನ ಮದಿವಿ ಬರತೈತಿ. ಮದಿವಿಗೆ ತಾಯಿನ್ನ ಎಲ್ಲಿಂದ ತರ್ಲಿ?"

ಕೃತಿಯನ್ನು ಹೀಗೆ ತಿರುಚಬಾರದು ಎಂದು ಹೇಳಲು ನಾನು ಬಾಯಿ ತೆರೆದೆ. ಅವರ ಮುಖ ನೋಡಿ ಕುರ್ಚಿ ಎಳೆದುಕೊಟ್ಟೆ. ಆಮೇಲೆ ಇಬ್ಬರೂ ಕೂತು ಯೋಚಿಸಿದೆವು. ರೈಲು ತಪ್ಪಿದೆ, ತಾಯಿ ಕಾಶಿಯಿಂದಲೇ ಫೋನಿನಲ್ಲಿ ಮುಖ ತೋರಿಸುತ್ತ ಮದುವೆ ಮಾಡಿಸುತ್ತಾಳೆ, ಅಕ್ಷತೆ ಹಾಕುವ ಹೊತ್ತಿಗೆ ಚಾರ್ಜ್ ಮುಗಿಯುತ್ತದೆ. ಇಷ್ಟನ್ನು ನಾನೇ ಹೇಳಿಕೊಟ್ಟೆ. ಎಂ.ಎ. ಪದವಿಗೆ ಅಷ್ಟು ಒಳ್ಳೆಯ ಉಪಯೋಗ ಅದಕ್ಕಿಂತ ಮೊದಲು ಆಗಿರಲಿಲ್ಲ.

ಆ ಮೇಲೆ ಅವರು ಎಲ್ಲಿ ಎಷ್ಟು ಬದಲಿಸುತ್ತಿದ್ದರೋ ನನಗೂ ಹೇಳುವುದನ್ನು ಬಿಟ್ಟರು. ಒಮ್ಮೆ ಮಾತ್ರ, ಹೊರಡುವಾಗ ಬಾಗಿಲಲ್ಲಿ ನಿಂತು ಹೇಳಿದ್ದು ನೆನಪಿದೆ. "ಅಕಿಗೆ ಗೊತ್ತಾದ್ರ ನನ್ನ ಮ್ಯಾಲಿನ ವಿಶ್ವಾಸ ಹೋಗತೈತ್ರಿ. ಓದಾಕ ಬರೂದಿಲ್ಲ ಅಕಿಗೆ ಈಗ, ನಾ ಹೇಳಿದ್ದಽ ಖರೇ ಅಂತ ಕೇಳತಾಳ. ಅದೊಂದು ಹೆದರಿಕಿ ನನಗ."

ಹೀಗೆ ಮೂರು ವರ್ಷ ನಡೆಯಿತು. ಓಣಿಯಲ್ಲಿ ಹಾದುಹೋಗುವವರಿಗೆ ಮಧ್ಯಾಹ್ನದ ಹೊತ್ತು ಆ ಮನೆಯಿಂದ ಒಂದು ವಿಚಿತ್ರ ನಗು ಕೇಳುತ್ತಿತ್ತು. ಅಂಕುಡೊಂಕಾದ, ಒಂದೇ ಬದಿಯ ಬಾಯಿಯಿಂದ ಹೊರಟ ನಗು. ಮೊದಮೊದಲು ಅಂಜಿದವರು ಆಮೇಲೆ ಅದಕ್ಕೆ ಹೊಂದಿಕೊಂಡರು.

ಒಂದು ಬೆಳಿಗ್ಗೆ ಹನ್ನೊಂದಾದರೂ ಕಿಟಕಿಯ ಪಕ್ಕದ ಕುರ್ಚಿ ಖಾಲಿ ಇತ್ತು. ಹನ್ನೆರಡಕ್ಕೆ ಪತ್ರಿಕೆ ಓದಲು ಬಂದ ಅವರ ಓಣಿಯವರೊಬ್ಬರು ಸುದ್ದಿ ಹೇಳಿದರು. ಬಾಗಿಲು ಹಾಕಿ ಓಡಿದೆ. ಅಂಗಳದ ತುಂಬ ಜನ. ಒಳಗೆ ಹಾಸಿಗೆಯ ಮೇಲೆ ಚಿಗವ್ವ ಜಂತಿ ನೋಡುತ್ತ ಮಲಗಿದ್ದರು. ಅಳುತ್ತಿರಲಿಲ್ಲ. ನಾನು ಕೈ ಹಿಡಿದರೆ ಕೈ ಬಿಡಿಸಿಕೊಳ್ಳಲೂ ಇಲ್ಲ, ಹಿಡಿಯಲೂ ಇಲ್ಲ.

ಕಾಕಾ ಅವರ ದಿನಕಾರ್ಯ ಮುಗಿದ ಮೇಲೆ ಒಂದು ಮಧ್ಯಾಹ್ನ ಮತ್ತೆ ಹೋದೆ. ಕಾಕಾ ಕೇಳಿ ತರಿಸಿದ್ದ ಹೊಸ ಪುಸ್ತಕ ಅಂಚೆಯಲ್ಲಿ ಬಂದಿತ್ತು; ಅದನ್ನು ಒಯ್ದಿದ್ದೆ. ಆರೈಕೆಗೆಂದು ಜಕ್ಕಲಿಯಿಂದ ಚಿಗವ್ವನ ತಂಗಿ ಬಂದಿದ್ದರು. ಬಾಗಿಲಲ್ಲೇ ನನ್ನನ್ನು ತಡೆದು ಮೆಲ್ಲಗೆ ಹೇಳಿದರು:

"ಅವರು ಹೋದ ದಿನದಿಂದ ಒಂದ ಹನಿ ಕಣ್ಣೀರ ಹಾಕಿಲ್ರಿ. ದನಿ ಸೈತ ತಗದಿಲ್ಲ. ಗಂಜಿ ಹಾಕಿದ್ರ ಬಾಯಿ ತಗೀತಾಳ, ಅಷ್ಟ. ಹಿಂಗಾದ್ರ ಉಳಿಯೂದಿಲ್ಲ ಅಂತ ಡಾಕ್ಟರು ಅಂದಾರ. ನೀವು ಏನರ ಮಾಡ್ರಿ."

ಪಕ್ಕದಲ್ಲಿ ಕೂತು ಹೊಸ ಪುಸ್ತಕ ತೆರೆದು ಓದತೊಡಗಿದೆ. ಚೆನ್ನಾಗಿಯೇ ಓದಿದೆ, ಆಕಾಶವಾಣಿಯವರ ಹಾಗೆ. ಚಿಗವ್ವನ ಮುಖದಲ್ಲಿ ಒಂದು ಗೆರೆಯೂ ಅಲುಗಲಿಲ್ಲ. ಎರಡು ಪುಟ ಆದ ಮೇಲೆ ಬಲಗೈ ಎತ್ತಿ ಗೂಡಿನ ಕಡೆ ತೋರಿಸಿದರು. ಗೂಡಿನಲ್ಲಿ ಕಾಕಾ ಅರ್ಧ ಓದಿ ಬಿಟ್ಟಿದ್ದ ಪುಸ್ತಕವಿತ್ತು. ಓದು ನಿಂತಲ್ಲಿ ನೀಲಿ ನೂಲಿನ ಎಳೆ. ಎದುರುಬದುರಾಗಿರುವ ಎರಡು ಖಾನಾವಳಿಗಳ ಹುಡುಗ ಹುಡುಗಿಯ ಕಥೆ. ಹುಡುಗಿಯ ಹಟಮಾರಿ ಅಜ್ಜ ಮದುವೆಗೆ ಅಡ್ಡ ನಿಂತಿದ್ದಾನೆ ಎಂದು ಬೆನ್ನುಪುಟ ಹೇಳುತ್ತಿತ್ತು. ನೂಲಿದ್ದಲ್ಲಿಂದ ಶುರುಮಾಡಿದೆ.

"ಅಜ್ಜನ ಫೋಟೋಕ್ಕೆ ಹಾರ ಹಾಕಿ, ಊದುಬತ್ತಿ ಹಚ್ಚಿ..."

ನಾಲಗೆ ಅಲ್ಲಿಯೇ ನಿಂತಿತು. ಅಜ್ಜ ಹಿಂದೆಲ್ಲೋ ಸತ್ತಿದ್ದಾನೆ. ಕಾಕಾ ಅದನ್ನು ಹೆಂಡತಿಗೆ ಹೇಳಿರುವುದಿಲ್ಲ. ಅವರು ಉಳಿಸಿಟ್ಟ ಅಜ್ಜನನ್ನು ಅವರ ಮನೆಯಲ್ಲೇ ಕೂತು ನಾನು ಕೊಂದುಬಿಟ್ಟೆ. "ಅಂದ್ರ... ಅವತ್ತು ಅಜ್ಜಂದು ಸನ್ಮಾನ ಇತ್ತು ಚಿಗವ್ವ. ಅದಕ್ಕ ಹಾರ," ಎಂದೆ. ನನ್ನ ಕಿವಿಗೇ ಅದು ಸುಳ್ಳೆಂದು ಕೇಳಿಸಿತು.

ಚಿಗವ್ವ ನನ್ನನ್ನೇ ನೋಡುತ್ತಿದ್ದರು. ಬಲಗೈ ಚಾಚಿದರು. ಪುಸ್ತಕ ಕೊಟ್ಟೆ. ಅದನ್ನು ಎದೆಯ ಮೇಲೆ ನಿಲ್ಲಿಸಿಕೊಂಡು, ಹೆಬ್ಬೆರಳಿನಿಂದ ಒಂದೊಂದೇ ಹಾಳೆಯನ್ನು ಹಿಂದಕ್ಕೆ ಸರಿಸುತ್ತ ಹೋದರು. ಕಣ್ಣು ಸಾಲಿನಿಂದ ಸಾಲಿಗೆ ಇಳಿಯುತ್ತಿತ್ತು. ಒಂದು ಕಡೆ ನಿಂತು, ಬೆರಳಿಟ್ಟು, ಪುಸ್ತಕವನ್ನು ನನ್ನ ಕಡೆ ತಿರುಗಿಸಿದರು. "ಆ ಬೆಳಿಗ್ಗೆ ಅಜ್ಜ ಏಳಲಿಲ್ಲ" ಎಂಬ ಸಾಲಿನ ಕೆಳಗೆ ಅವರ ಬೆರಳಿತ್ತು.

"ಅಯ್ಯ ನಮ್ಮವ್ವ," ಎಂದು ಅವರ ತಂಗಿ ಗೋಡೆಗೆ ಒರಗಿದರು. "ಇಕಿಗೆ ಓದಾಕ ಬರತೈತಿ!"

"ಯಾವಾಗಿಂದ ಚಿಗವ್ವ? ಕಾಕಾ ಬದಲಿ ಮಾಡಿ ಹೇಳೂದು ಎಲ್ಲಾ ಗೊತ್ತಿತ್ತೇನು?"

ಕಣ್ಣು ಮುಚ್ಚಿ ತೆರೆದರು. ಗೊತ್ತಿತ್ತು. ನಾನು ಒಂದೊಂದಾಗಿ ಕೇಳಿದಂತೆ ಅವರ ಸನ್ನೆಯಿಂದ ಉಳಿದದ್ದೂ ತಿಳಿಯಿತು: ಕಾಕಾ ನೂಲಿಗೆ, ಸಂತೆಗೆ ಹೋದ ಹೊತ್ತಿನಲ್ಲಿ, ದಿಂಬಿನ ಪಕ್ಕದ ಪುಸ್ತಕವನ್ನು ಒಂದೇ ಕೈಯಲ್ಲಿ ತಿರುವಿ ಓದಿ, ಇದ್ದ ಹಾಗೆ ಇಡುತ್ತಿದ್ದರು. ತನಗೆ ಅಕ್ಷರ ಮರಳಿದೆ ಎಂದು ಒಂದು ಸನ್ನೆ ಮಾಡಿದ್ದರೆ ಕಾಕಾ ಅಷ್ಟು ಹೆದರಬೇಕಾಗಿರಲಿಲ್ಲ. ಆದರೆ ಹಾಗೆ ಮಾಡಿದ್ದರೆ ಕಾಕಾ ಓದುವುದನ್ನು ನಿಲ್ಲಿಸುತ್ತಿದ್ದರು. ಮುಚ್ಚಿಟ್ಟು ಕೇಳಿದರು. ನಾಲ್ಕನೆಯ ಇಯತ್ತೆಯ ಆ ಮನುಷ್ಯ ಸತ್ತವರನ್ನೆಲ್ಲ ಎಬ್ಬಿಸಿ ಕೂರಿಸಲು ಪಡುವ ಪಾಡನ್ನು ನೋಡಿ ನೋಡಿ ನಕ್ಕರು. ನಾನು, ಕಾಕಾ ಇಬ್ಬರೂ ಎಲ್ಲೆಲ್ಲಿಯೋ ಪುಸ್ತಕ ಹುಡುಕಿದೆವು. ಆಕೆ ನಕ್ಕದ್ದು ಪುಸ್ತಕಕ್ಕಲ್ಲ.

ಚಿಗವ್ವ ಪುಸ್ತಕ ಮುಚ್ಚಿ ನನ್ನ ತೊಡೆಯ ಮೇಲೆ ಬೋರಲಾಗಿ ಇಟ್ಟರು. ಅದರ ಮೇಲೆ ಒಮ್ಮೆ ಬೆರಳಿನಿಂದ ತಟ್ಟಿ, ನನ್ನ ಬಾಯಿಯ ಕಡೆ ನೋಡುತ್ತ ಕಾದರು. ಏನು ಬೇಕೆಂದು ತಿಳಿಯಲು ನನಗೆ ಕೊಂಚ ಹೊತ್ತು ಹಿಡಿಯಿತು.

"ಅಜ್ಜ ಸತ್ತಿಲ್ಲ ಚಿಗವ್ವ," ಎಂದೆ. "ಎದುರಿನ ಖಾನಾವಳಿಯ ಶೇಂಗಾ ಹೋಳಿಗಿ ತಿನ್ನಾಕ ಮನ್ಯಾಗ ಬಿಡವಲ್ರು. ಅದಕ್ಕ... ಅದಕ್ಕ ಮಂಚದ ಮ್ಯಾಲ ದಿಂಬಿಗೆ ಚಾದರ ಹೊಚ್ಚಿ, ಹಿತ್ತಲ ಬಾಗಿಲಿಂದ ಹೋಗ್ಯಾನ. ಇವ್ರು ಇಲ್ಲಿ ದಿಂಬಿಗೆ ಹಾರ ಹಾಕಿ ಅಳಾಕತ್ತಾರ, ಅವ ಅಲ್ಲಿ ನಾಕನೇ ಹೋಳಿಗಿಗೆ ತುಪ್ಪ ಕೇಳಾಕತ್ತಾನ..."

ಬಾಯಿಯ ಒಂದು ಬದಿ ಅಲುಗಿತು. ಆಮೇಲೆ ಆ ದನಿ ಬಂತು, ಅಂಕುಡೊಂಕಾದದ್ದು. ನಕ್ಕರು. ನಗುತ್ತಿದ್ದ ಹಾಗೆಯೇ ಮುಖ ಕಿವುಚಿಕೊಂಡಿತು. ಕಾಕಾ ಹೋದ ಮೇಲೆ ಮೊದಲ ಸಲ ಚಿಗವ್ವ ಅತ್ತರು, ಜೋರಾಗಿ, ಓಣಿಗೆಲ್ಲ ಕೇಳುವ ಹಾಗೆ. ತಂಗಿ ಓಡಿಬಂದು ತಲೆ ಹಿಡಿದುಕೊಂಡರು. ನಾನು ಏಳಲು ಹೋದೆ. ಚಿಗವ್ವ ನನ್ನ ಮುಂಗೈ ಹಿಡಿದು ಬಿಡಲಿಲ್ಲ. ಅಜ್ಜನನ್ನು ನಾನು ಇನ್ನೂ ಮನೆಗೆ ಕರೆತರಬೇಕಾಗಿತ್ತು.